ಜನ್ಮದಿನಾಂಕವೂ ನಿವೃತ್ತಿಯ ವಯಸ್ಸೂ: ಒಂದು ವಿವಾದದ ಚರಿತ್ರೆ

೧

ಮನುಷ್ಯನ ವಯಸ್ಸು ಪ್ರಕೃತಿಸಿದ್ಧವಾದುದು. ಅವನ ಜನ್ಮದಿನಾಂಕವಾದರೋ ಬರವಣಿಗೆಯಿಂದ ಸಿದ್ಧವಾದುದು. ಇವೆರಡೂ ಒಂದೇ ಎಂದು ನಾವು ಸಾಮಾನ್ಯವಾಗಿ ಭಾವಿಸುತ್ತೇವೆ. ಸರ್ಕಾರಿ ಸೇವೆಯ ಚರಿತ್ರೆಯನ್ನು ಪರಿಶೀಲಿಸಿದವರಿಗೆ ಮಾತ್ರ ಇವೆರಡರ ನಡುವಣ ಅಂತರವು ಎಷ್ಟು ವ್ಯಾಜ್ಯಗಳಿಗೆ ಕಾರಣವಾಗಿದೆಯೆಂಬುದು ತಿಳಿದಿರುತ್ತದೆ. ಜವಾನನಿಂದ ಹಿಡಿದು ಭೂಸೇನೆಯ ಮುಖ್ಯಸ್ಥರವರೆಗೆ, ಗಣಿಯ ಕೂಲಿಕಾರನಿಂದ ಹಿಡಿದು ಉಚ್ಚ ನ್ಯಾಯಾಲಯದ ನ್ಯಾಯಮೂರ್ತಿಗಳವರೆಗೆ ಎಲ್ಲ ದರ್ಜೆಯವರೂ ತಾವು ಹುಟ್ಟಿದ ದಿನವನ್ನು ಕುರಿತು ನ್ಯಾಯಸ್ಥಾನದ ಮೆಟ್ಟಿಲು ಹತ್ತಿದ್ದಾರೆ.

ಇಂಥ ವ್ಯಾಜ್ಯಗಳೆಲ್ಲವೂ ಮೋಸದಿಂದ ಹುಟ್ಟಿದವು, ನಿವೃತ್ತಿ ಸಮೀಪಿಸಿದಾಗ ನೌಕರನಿಗೆ ಉಂಟಾಗುವ ಆಸೆಯೇ ಅವುಗಳ ಮೂಲ ಎಂಬ ಅಭಿಪ್ರಾಯವೊಂದು ಪ್ರಚಲಿತವಾಗಿದೆ. ಅದರಲ್ಲಿ ಸತ್ಯಾಂಶವಿಲ್ಲದೆ ಇಲ್ಲ. ಆದರೆ ಅದೇ ಪೂರ್ಣಸತ್ಯವಲ್ಲ. ವಯಸ್ಸನ್ನು ಎಣಿಸುವ ಎರಡು ಪದ್ಧತಿಗಳು ಈ ದೇಶದಲ್ಲಿ ಒಂದನ್ನೊಂದು ಎದುರುಗೊಂಡ ಸಂದರ್ಭದಲ್ಲಿಯೇ ವಿವಾದದ ಬೀಜವಿದೆಯೆಂಬುದನ್ನೂ, ಕಾಲಕ್ರಮದಲ್ಲಿ ನಮ್ಮ ಕಾನೂನು ನಿಜವಾದ ದಿನಾಂಕವನ್ನು ಹುಡುಕುವುದಕ್ಕಿಂತ ಬರೆದ ದಿನಾಂಕವನ್ನು ಸ್ಥಿರಪಡಿಸುವುದನ್ನೇ ಹೆಚ್ಚಾಗಿ ಆರಿಸಿಕೊಂಡಿತೆಂಬುದನ್ನೂ ಪ್ರಕೃತ ಲೇಖನದಲ್ಲಿ ತೋರಿಸಲು ಯತ್ನಿಸುತ್ತೇವೆ.

೨

ಮೊದಲು ಎಣಿಕೆಯ ವಿಚಾರ. ನಮ್ಮ ಹಳ್ಳಿಗಳಲ್ಲಿ ಹುಡುಗನ ವಯಸ್ಸನ್ನು ಕೇಳಿದರೆ 'ಹದಿನೈದು ತುಂಬಿತು' ಎಂದು ಹೇಳುವವರುಂಟು. 'ಹದಿನಾರು ನಡೆಯುತ್ತಿದೆ' ಎಂದು ಹೇಳುವವರೂ ಉಂಟು. ಎರಡು ಮಾತಿಗೂ ಅರ್ಥ ಒಂದೇ. ಕಚೇರಿಯ ನಮೂನೆಯಲ್ಲಾದರೋ ಒಂದು ಅಂಕಿಗೆ ಮಾತ್ರ ಸ್ಥಳವಿರುತ್ತದೆ. ತುಂಬಿದ್ದನ್ನು ಬರೆದರೆ ಹದಿನೈದು, ನಡೆಯುವುದನ್ನು ಬರೆದರೆ ಹದಿನಾರು. ಬರೆದವನು ಯಾವುದನ್ನು ಉದ್ದೇಶಿಸಿದ್ದನೆಂಬುದು ಆ ಅಂಕಿಯಿಂದ ತಿಳಿಯುವಂತಿಲ್ಲ.

ಈ ಒಂದು ವರ್ಷದ ಅಂತರದಿಂದ ಎಂಥ ಅನರ್ಥವಾಗಬಹುದೆಂಬುದಕ್ಕೆ ಸುರೇಂದ್ರನಾಥ ಬ್ಯಾನರ್ಜಿಯವರ ಪ್ರಸಂಗವೇ ಪ್ರಸಿದ್ಧ ನಿದರ್ಶನ. ೧೮೬೯ರಲ್ಲಿ ಲಂಡನ್ನಿನಲ್ಲಿ ನಡೆದ ಸಿವಿಲ್ ಸರ್ವಿಸ್ ಸ್ಪರ್ಧಾಪರೀಕ್ಷೆಯಲ್ಲಿ ನಾಲ್ವರು ಭಾರತೀಯರು ಉತ್ತೀರ್ಣರಾದರು: ರಮೇಶಚಂದ್ರ ದತ್ತ, ಬಿಹಾರಿಲಾಲ್ ಗುಪ್ತ, ಸುರೇಂದ್ರನಾಥ ಬ್ಯಾನರ್ಜಿ ಮತ್ತು ಶ್ರೀಪಾದ ಬಾಬಾಜಿ ಠಾಕೂರ್. ಇವರಲ್ಲಿ ಕೊನೆಯ ಇಬ್ಬರ ವಯಸ್ಸು ಮಿತಿಯನ್ನು ಮೀರಿದೆಯೆಂದು ಸಿವಿಲ್ ಸರ್ವಿಸ್ ಕಮಿಷನರುಗಳು ಅವರ ಹೆಸರನ್ನು ಪಟ್ಟಿಯಿಂದ ತೆಗೆದುಹಾಕಿದರು. ಬ್ಯಾನರ್ಜಿಯವರು ಹುಟ್ಟಿದ್ದು ೧೮೪೮ನೆಯ ನವೆಂಬರ್ ೧೦ರಂದು. ೧೮೬೩ರ ಡಿಸೆಂಬರಿನಲ್ಲಿ ಕಲ್ಕತ್ತಾ ವಿಶ್ವವಿದ್ಯಾನಿಲಯದ ಪ್ರವೇಶಪರೀಕ್ಷೆಗೆ ಕುಳಿತಾಗ ಅವರ ವಯಸ್ಸು ಹದಿನಾರೆಂದು ದಾಖಲಾಗಿತ್ತು. ವಾಸ್ತವವಾಗಿ ಆಗ ಅವರಿಗೆ ಹದಿನೈದು ತುಂಬಿ ಹದಿನಾರನೆಯದು ನಡೆಯುತ್ತಿತ್ತು. ಆ ಹದಿನಾರನ್ನು ತುಂಬಿದ ವರ್ಷವೆಂದು ತಿಳಿದರೆ ೧೮೬೯ರಲ್ಲಿ ಅವರು ಇಪ್ಪತ್ತೊಂದರ ಮಿತಿಯನ್ನು ದಾಟಿದವರಾಗುತ್ತಾರೆ. ನಡೆಯುವ ವರ್ಷವೆಂದು ತಿಳಿದರೆ ಮಿತಿಯೊಳಗೇ ಉಳಿಯುತ್ತಾರೆ. ಬ್ಯಾನರ್ಜಿಯವರು ಇಂಗ್ಲೆಂಡಿನ ಕ್ವೀನ್ಸ್ ಬೆಂಚ್ ನ್ಯಾಯಾಲಯದ ಮೊರೆಹೊಕ್ಕರು. ಭಾರತೀಯರ ಎಣಿಕೆಯ ಕ್ರಮ ಬೇರೆಯೆಂಬ ವಾದಕ್ಕೆ ಅಲ್ಲಿ ಮನ್ನಣೆ ದೊರೆತು ಅವರ ಹೆಸರು ಪುನಃ ಪಟ್ಟಿಗೆ ಸೇರಿತು. ೧೮೭೪ರಲ್ಲಿ ಬೇರೆ ಕಾರಣದಿಂದ ಅವರು ಆ ಸೇವೆಯಿಂದ ವಜಾ ಆದುದೂ, ಅನಂತರ ರಾಷ್ಟ್ರನಾಯಕರಾದುದೂ ಚರಿತ್ರೆಗೆ ಸೇರಿದ ಮಾತು. ನಮ್ಮ ವಿಷಯಕ್ಕೆ ಮುಖ್ಯವಾದುದಿಷ್ಟು: ಇಲ್ಲಿ ಸುಳ್ಳು ಹೇಳಿದವರು ಯಾರೂ ಇರಲಿಲ್ಲ. ದಾಖಲೆ ಅದನ್ನು ಬರೆದವರ ಭಾಷೆಯಲ್ಲಿ ಸತ್ಯವೇ ಆಗಿತ್ತು. ಓದಿದವರ ಭಾಷೆಯಲ್ಲಿ ಮಾತ್ರ ತಪ್ಪಾಯಿತು.

ಪಂಚಾಂಗದ ಲೆಕ್ಕವನ್ನು ಇಸವಿಯ ಲೆಕ್ಕಕ್ಕೆ ತಿರುಗಿಸುವಾಗಲೂ ಇಂಥದೇ ತೊಡಕು ಉಂಟಾಗುತ್ತದೆ. ಮನೆಯ ಹಿರಿಯರು ಮಗುವಿನ ಜನನವನ್ನು ಸಂವತ್ಸರ, ಮಾಸ, ತಿಥಿ, ನಕ್ಷತ್ರಗಳಿಂದ ನೆನಪಿಡುತ್ತಿದ್ದರು. ವಿಕೃತಿ ಸಂವತ್ಸರವು ೧೯೫೦ರ ಯುಗಾದಿಯಿಂದ ಪ್ರಾರಂಭವಾಯಿತು. ಆ ಸಂವತ್ಸರದ ಮಾಘಮಾಸದಲ್ಲಿ ಹುಟ್ಟಿದ ಮಗು ಇಸವಿಯ ಲೆಕ್ಕದಲ್ಲಿ ೧೯೫೧ರ ಫೆಬ್ರವರಿ ಇಲ್ಲವೆ ಮಾರ್ಚ್ ತಿಂಗಳಿನದಾಗುತ್ತದೆ. ವಿಕೃತಿಯೆಂದರೆ ೧೯೫೦ ಎಂದು ಗುಣಿಸಿ ಬರೆದುಕೊಂಡ ಉಪಾಧ್ಯಾಯನು ಆ ಮಗುವಿನ ಆಯುಸ್ಸಿಗೆ ಅರಿಯದೆಯೇ ಒಂದು ವರ್ಷವನ್ನು ಕೂಡಿಸಿದಂತಾಯಿತು. ಐವತ್ತೆಂಟು ವರ್ಷಗಳ ಮೇಲೆ ಆ ಒಂದು ವರ್ಷವು ಸಂಬಳದ ವರ್ಷವಾಗಿ ಪರಿಣಮಿಸುತ್ತದೆ.

೩

ಜನ್ಮದಿನಾಂಕಕ್ಕೆ ಈ ಬೆಲೆ ಬಂದುದು ಸೇವೆಯ ಪ್ರವೇಶ ನಿರ್ಗಮನಗಳೆರಡನ್ನೂ ವಯಸ್ಸಿನಿಂದ ಅಳೆಯತೊಡಗಿದ ಮೇಲೆ. ಶಾನುಭೋಗಿಕೆ, ಪಟೇಲಿಕೆಗಳಂತೆ ವಂಶಪರಂಪರೆಯಾಗಿ ಬಂದ ಉದ್ಯೋಗಗಳಲ್ಲಿ ಮನುಷ್ಯನು ಹುಟ್ಟಿದ ದಿನಕ್ಕಿಂತ ಹುಟ್ಟಿದ ಮನೆಯೇ ಮುಖ್ಯವಾಗಿತ್ತು. ನಿಯತ ವೇತನ, ನಿಯತ ಪಿಂಚಣಿ, ನಿಯತ ವಯೋಮಿತಿಗಳುಳ್ಳ ಸೇವೆಯು ಬೆಳೆದಂತೆ ದಿನಾಂಕವು ಆಸ್ತಿಯ ಸ್ವರೂಪವನ್ನು ಪಡೆಯಿತು.

೧೯೨೨ರ ಜನವರಿ ೧ರಿಂದ ಜಾರಿಗೆ ಬಂದ ಕೇಂದ್ರದ ಮೂಲ ನಿಯಮಗಳಲ್ಲಿ ಐವತ್ತಾರನೆಯದು ನಿವೃತ್ತಿಯನ್ನು ಕುರಿತದ್ದು. ಅದರಂತೆ ಸಾಮಾನ್ಯವಾಗಿ ಐವತ್ತೈದನೆಯ ವಯಸ್ಸಿನಲ್ಲಿ ನಿವೃತ್ತಿಯಾಗಬೇಕಾಗಿತ್ತು. ೧೯೬೨ರ ಡಿಸೆಂಬರ್ ೧ರಿಂದ ಕೇಂದ್ರ ಸರ್ಕಾರವು ಇದನ್ನು ಐವತ್ತೆಂಟಕ್ಕೂ, ೧೯೯೮ರಲ್ಲಿ ಅರವತ್ತಕ್ಕೂ ಏರಿಸಿತು. ಕರ್ನಾಟಕದಲ್ಲಿ ಐವತ್ತೆಂಟರಿಂದ ಅರವತ್ತಕ್ಕೆ ಏರಿದುದು ೨೦೦೮ರಲ್ಲಿ. ಹೀಗೆ ಮಿತಿಯು ಏರುವ ಸಂಧಿಕಾಲದಲ್ಲಿ ಕೆಲವೇ ದಿನಗಳ ಅಂತರದಲ್ಲಿ ಹುಟ್ಟಿದ ಇಬ್ಬರು ನೌಕರರಲ್ಲಿ ಒಬ್ಬನು ಮನೆಗೆ ತೆರಳಿ ಇನ್ನೊಬ್ಬನು ಎರಡು ಮೂರು ವರ್ಷ ಅಧಿಕವಾಗಿ ಸೇವೆಯಲ್ಲಿ ಉಳಿಯುವುದು ಅನಿವಾರ್ಯವಾಯಿತು.

ಮಿತಿಯು ಇಳಿದ ನಿದರ್ಶನವೂ ಉಂಟು. ೧೯೮೩ರ ಫೆಬ್ರವರಿಯಲ್ಲಿ ಆಂಧ್ರಪ್ರದೇಶದ ಎನ್. ಟಿ. ರಾಮರಾಯರ ಸರ್ಕಾರವು ನಿವೃತ್ತಿಯ ವಯಸ್ಸನ್ನು ಐವತ್ತೆಂಟರಿಂದ ಐವತ್ತೈದಕ್ಕೆ ಇಳಿಸಿತು. ಐವತ್ತೈದನ್ನು ದಾಟಿದ್ದವರೆಲ್ಲರೂ ಆ ತಿಂಗಳ ಕೊನೆಗೆ ಒಟ್ಟಿಗೇ ಸೇವೆಯಿಂದ ಹೊರಬೀಳಬೇಕಾಯಿತು. ಮರುವರ್ಷವೇ ಮಿತಿಯು ಪುನಃ ಐವತ್ತೆಂಟಕ್ಕೆ ಏರಿತು. ೧೯೮೫ರಲ್ಲಿ ಸರ್ವೋಚ್ಚ ನ್ಯಾಯಾಲಯವು ೧೯೮೩ರ ಕ್ರಮವನ್ನು ಸಂವಿಧಾನಸಮ್ಮತವೆಂದು ಎತ್ತಿಹಿಡಿಯಿತು. ನಿವೃತ್ತಿಯ ವಯಸ್ಸನ್ನು ಗೊತ್ತುಪಡಿಸುವುದು ಸರ್ಕಾರದ ಕೈಯಲ್ಲಿರುವಾಗ, ಹುಟ್ಟಿದ ದಿನಾಂಕವೊಂದೇ ತನ್ನ ಕೈಯಲ್ಲಿರುವ ದಾಖಲೆಯೆಂದು ನೌಕರನು ಅದನ್ನು ಬಿಗಿಯಾಗಿ ಹಿಡಿದುಕೊಂಡುದರಲ್ಲಿ ಆಶ್ಚರ್ಯವೇನು?

೪

ಇನ್ನು ಆ ದಿನಾಂಕವು ಎಲ್ಲಿಂದ ಬಂತೆಂಬುದನ್ನು ನೋಡೋಣ. ಜನನ ಮರಣಗಳ ನೋಂದಣಿಗೆ ೧೮೮೬ರಲ್ಲಿಯೇ ಒಂದು ಕಾಯಿದೆಯಾಗಿದ್ದರೂ ಅದರಂತೆ ನೋಂದಣಿ ಮಾಡಿಸುವುದು ಐಚ್ಛಿಕವಾಗಿತ್ತು. ದೇಶಕ್ಕೆಲ್ಲ ಅನ್ವಯವಾಗುವಂತೆ ನೋಂದಣಿಯನ್ನು ಕಡ್ಡಾಯಗೊಳಿಸಿದುದು ೧೯೬೯ರ ಕಾಯಿದೆ. ಆದುದರಿಂದ ಇಪ್ಪತ್ತನೆಯ ಶತಮಾನದ ಬಹುಪಾಲು ನೌಕರರ ವಯಸ್ಸಿಗೆ ಶಾಲೆಯ ದಾಖಲಾತಿ ಪುಸ್ತಕವೇ ಆಧಾರ. ತಂದೆಯೋ ಸೋದರಮಾವನೋ ನೆರೆಮನೆಯವನೋ ಹುಡುಗನ ಕೈಹಿಡಿದು ಶಾಲೆಗೆ ಕರೆತರುತ್ತಿದ್ದನು. ಅವನಿಗೆ ದಿನಾಂಕ ತಿಳಿಯದು. 'ಆ ಬರಗಾಲದ ವರ್ಷ', 'ಕೆರೆ ಕೋಡಿಬಿದ್ದ ವರ್ಷ', 'ಜಾತ್ರೆ ಕಳೆದು ಎಂಟು ದಿನಕ್ಕೆ' ಎಂಬಿಷ್ಟು ಮಾತ್ರ ಅವನು ಹೇಳಬಲ್ಲವನಾಗಿದ್ದನು. ಉಪಾಧ್ಯಾಯನು ಹುಡುಗನ ಮೈಕಟ್ಟನ್ನು ನೋಡಿ, ಪ್ರವೇಶಕ್ಕೆ ಬೇಕಾದ ವಯಸ್ಸನ್ನು ಲೆಕ್ಕಹಾಕಿ, ಶಾಲಾವರ್ಷದ ಆರಂಭಕ್ಕೆ ಹೊಂದುವಂತೆ ಒಂದು ದಿನಾಂಕವನ್ನು ಬರೆಯುತ್ತಿದ್ದನು. ಹಳೆಯ ತಲೆಮಾರಿನ ದಾಖಲಾತಿಗಳಲ್ಲಿ ಜೂನ್ ೧ ಎಂಬ ಜನ್ಮದಿನವು ಪದೇ ಪದೇ ಕಾಣಿಸಿಕೊಳ್ಳುವುದು ಈ ಕಾರಣದಿಂದಲೇ. ತಿಂಗಳ ಮೊದಲ ದಿನ ಹುಟ್ಟಿದವರು ಹಿಂದಿನ ತಿಂಗಳ ಕೊನೆಯ ದಿನ ನಿವೃತ್ತರಾಗತಕ್ಕದ್ದೆಂಬ ನಿಯಮವಿರುವುದರಿಂದ ಇಂಥವರ ಬೀಳ್ಕೊಡುಗೆ ಮೇ ೩೧ರಂದು ನಡೆಯುತ್ತದೆ. ಯಾವ ತಾಯಿಗೂ ಹೆರಿಗೆನೋವು ಶಾಲೆಯ ಪ್ರಾರಂಭೋತ್ಸವವನ್ನು ಕಾದು ಬರುವುದಿಲ್ಲವಷ್ಟೆ.

ಇದು ಒಬ್ಬಿಬ್ಬರು ಉಪಾಧ್ಯಾಯರ ಅಲಕ್ಷ್ಯದ ಮಾತಲ್ಲ. ಜನಗಣತಿಯ ವಯೋಪಟ್ಟಿಗಳಲ್ಲಿಯೂ ಸೊನ್ನೆಯಿಂದ ಮತ್ತು ಐದರಿಂದ ಕೊನೆಗೊಳ್ಳುವ ವಯಸ್ಸುಗಳಲ್ಲಿ ಜನರು ಗುಂಪುಗೂಡಿರುವುದು ಜನಸಂಖ್ಯಾಶಾಸ್ತ್ರಜ್ಞರಿಗೆ ಚಿರಪರಿಚಿತ. ತನ್ನ ವಯಸ್ಸನ್ನು ಸುಮಾರಾಗಿ ಮಾತ್ರ ಬಲ್ಲ ಸಮಾಜವೊಂದರಿಂದ ದಿನ ತಿಂಗಳುಗಳ ನಿಖರತೆಯನ್ನು ನಿರೀಕ್ಷಿಸಿದುದರ ಫಲವಿದು.

ಈ ದಾಖಲೆಗೆ ಸಾಕ್ಷ್ಯದ ದೃಷ್ಟಿಯಿಂದ ಎಷ್ಟು ಬೆಲೆ? ೧೯೮೮ರಲ್ಲಿ ರಾಜಸ್ಥಾನದ ಒಂದು ಚುನಾವಣಾ ವಿವಾದವನ್ನು ತೀರ್ಮಾನಿಸುವಾಗ, ಶಾಲೆಯ ಪುಸ್ತಕದಲ್ಲಿ ದಿನಾಂಕವನ್ನು ಯಾರ ಹೇಳಿಕೆಯ ಮೇಲೆ ಬರೆಯಲಾಯಿತೆಂಬುದು ರುಜುವಾತಾಗದಿದ್ದರೆ ಆ ನಮೂದಿಗೆ ಸಾಕ್ಷ್ಯವೆಂಬ ಬೆಲೆಯಿಲ್ಲವೆಂದು ಸರ್ವೋಚ್ಚ ನ್ಯಾಯಾಲಯವು ಹೇಳಿತು. ಜಾತಕವು ಅತಿ ದುರ್ಬಲವಾದ ಆಧಾರವೆಂದು ೨೦೦೫ರಲ್ಲಿ ಅದೇ ನ್ಯಾಯಾಲಯವು ಅಭಿಪ್ರಾಯಪಟ್ಟಿತು. ವೈದ್ಯರ ಪರೀಕ್ಷೆಗೆ ಹೋದರೆ, ಎಲುಬುಗಳ ಬೆಳವಣಿಗೆಯಿಂದ ಊಹಿಸಿದ ವಯಸ್ಸಿನಲ್ಲಿ ಎರಡು ವರ್ಷ ಹೆಚ್ಚು ಇಲ್ಲವೆ ಕಡಮೆಯಾಗುವ ಸಂಭವವಿದೆಯೆಂದು ೧೯೮೨ರ ಇನ್ನೊಂದು ತೀರ್ಪು ಗುರುತಿಸಿತ್ತು. ಹೀಗೆ ಶಾಲೆ, ಜಾತಕ, ವೈದ್ಯ ಎಂಬ ಮೂರು ಆಧಾರಗಳೂ ಅಲುಗಾಡುವವೇ. ಆದರೂ ಸೇವಾಪುಸ್ತಕದ ಮೊದಲ ಪುಟದಲ್ಲಿ ಒಂದು ದಿನಾಂಕವು ನಿಶ್ಚಿತವಾಗಿ ನಿಲ್ಲಲೇಬೇಕು.

೫

ಮೇಲ್ಕಂಡ ತೊಡಕು ಅಕ್ಷರಬಾರದವರಿಗೆ ಮಾತ್ರ ಸಂಬಂಧಿಸಿದುದೆಂದು ತಿಳಿಯಲಾಗದು. ಕಲ್ಕತ್ತಾ ಉಚ್ಚ ನ್ಯಾಯಾಲಯದ ನ್ಯಾಯಮೂರ್ತಿ ಜ್ಯೋತಿಪ್ರಕಾಶ ಮಿತ್ತರ್ ಅವರ ಪ್ರಕರಣವು ಸಂವಿಧಾನದ ಮೇಲೆಯೇ ತನ್ನ ಗುರುತನ್ನು ಉಳಿಸಿಹೋಯಿತು. ೧೯೪೯ರಲ್ಲಿ ನೇಮಕಗೊಂಡ ಇವರು ತಮ್ಮ ಜನ್ಮದಿನವನ್ನು ೧೯೦೪ನೆಯ ಡಿಸೆಂಬರ್ ೨೭ ಎಂದು ತಿಳಿಸಿದ್ದರು. ಮೆಟ್ರಿಕ್ಯುಲೇಷನ್ ಪರೀಕ್ಷೆಯ ದಾಖಲೆಯಂತೆ ಅದು ೧೯೦೧ನೆಯ ಡಿಸೆಂಬರ್ ೨೭ ಆಗುತ್ತಿತ್ತು. ಆಗ ಉಚ್ಚ ನ್ಯಾಯಾಲಯದ ನ್ಯಾಯಾಧೀಶರ ನಿವೃತ್ತಿಯ ವಯಸ್ಸು ಅರವತ್ತು. ೧೯೦೧ನ್ನು ಸರಿಯೆಂದು ಭಾವಿಸಿದ ಸರ್ಕಾರದ ನಿರ್ಧಾರದಂತೆ, ೧೯೬೧ರ ಡಿಸೆಂಬರ್ ೨೭ರಂದು ಅವರು ಅಧಿಕಾರವನ್ನು ಬಿಡಬೇಕಾಯಿತು.

ಇಷ್ಟರಲ್ಲಿ ೧೯೬೩ರ ಅಕ್ಟೋಬರಿನಲ್ಲಿ ಸಂವಿಧಾನದ ಹದಿನೈದನೆಯ ತಿದ್ದುಪಡಿಯಾಯಿತು. ಅದು ನಿವೃತ್ತಿಯ ವಯಸ್ಸನ್ನು ಅರವತ್ತೆರಡಕ್ಕೆ ಏರಿಸಿತು. ಜೊತೆಗೆ, ಉಚ್ಚ ನ್ಯಾಯಾಲಯದ ನ್ಯಾಯಾಧೀಶರ ವಯಸ್ಸನ್ನು ಕುರಿತು ಪ್ರಶ್ನೆಯೆದ್ದರೆ ರಾಷ್ಟ್ರಪತಿಗಳು ಭಾರತದ ಮುಖ್ಯ ನ್ಯಾಯಾಧೀಶರೊಡನೆ ಸಮಾಲೋಚಿಸಿ ನಿರ್ಣಯಿಸತಕ್ಕದ್ದು, ಆ ನಿರ್ಣಯವೇ ಅಂತಿಮ ಎಂಬ ಉಪಬಂಧವನ್ನು ೨೧೭ನೆಯ ಅನುಚ್ಛೇದಕ್ಕೆ ಪೂರ್ವಾನ್ವಯವಾಗುವಂತೆ ಸೇರಿಸಿತು. ಇಲ್ಲಿ ಒಂದು ಸೂಕ್ಷ್ಮವನ್ನು ಗಮನಿಸಬೇಕು. ಎರಡು ದಿನಾಂಕಗಳ ನಡುವಣ ವ್ಯತ್ಯಾಸ ಮೂರೇ ವರ್ಷ. ೧೯೦೪ ನಿಜವಾದರೆ ೧೯೬೩ರಲ್ಲಿ ಅವರು ಇನ್ನೂ ಸೇವೆಯಲ್ಲಿದ್ದು ಹೊಸ ಮಿತಿಯ ಲಾಭವನ್ನು ಪಡೆದು ೧೯೬೬ರವರೆಗೆ ಮುಂದುವರಿಯಬೇಕಾಗಿತ್ತು. ಹೀಗೆ ಮೂರು ವರ್ಷದ ವಿವಾದವು ಐದು ವರ್ಷದ ಅಧಿಕಾರದ ವಿವಾದವಾಯಿತು.

೧೯೬೧ರ ನಿರ್ಧಾರವು ರಾಷ್ಟ್ರಪತಿಗಳ ನಿರ್ಣಯವಾಗಿರಲಿಲ್ಲವೆಂದು ೧೯೬೪ರಲ್ಲಿ ಸರ್ವೋಚ್ಚ ನ್ಯಾಯಾಲಯವು ಕಂಡುಕೊಂಡಿತು. ಅದರ ಮೇಲೆ ೧೯೬೫ರಲ್ಲಿ ರಾಷ್ಟ್ರಪತಿಗಳು ೧೯೦೧ನ್ನೇ ಸರಿಯೆಂದು ನಿರ್ಣಯಿಸಿದರು. ವ್ಯಾಜ್ಯ ಅಲ್ಲಿಗೂ ಮುಗಿಯಲಿಲ್ಲ. ೧೯೭೧ರಲ್ಲಿ ಸರ್ವೋಚ್ಚ ನ್ಯಾಯಾಲಯವು ಆ ನಿರ್ಣಯವನ್ನು ಎತ್ತಿಹಿಡಿಯಿತು. ವಯಸ್ಸನ್ನು ನಿರ್ಣಯಿಸುವಾಗ ರಾಷ್ಟ್ರಪತಿಗಳು ನಡೆಸುವುದು ನ್ಯಾಯಿಕ ಸ್ವರೂಪದ ಕಾರ್ಯ. ಅದು ಮಂತ್ರಿಮಂಡಲದ ಸಲಹೆಯನ್ನು ಅನುಸರಿಸಿ ಆಗತಕ್ಕದ್ದಲ್ಲ. ನ್ಯಾಯಾಧೀಶರಿಗೆ ತಮ್ಮ ಸಾಕ್ಷ್ಯವನ್ನು ಮಂಡಿಸಲು ಅವಕಾಶವಿರಬೇಕು ಎಂಬ ತತ್ತ್ವಗಳು ಆಗ ಸ್ಥಿರಪಟ್ಟವು. ಈ ತೀರ್ಪು ಬರುವ ವೇಳೆಗೆ ಯಾವ ಲೆಕ್ಕದಿಂದ ನೋಡಿದರೂ ಮಿತ್ತರ್ ಅವರ ಅಧಿಕಾರಾವಧಿಯು ಕಳೆದುಹೋಗಿತ್ತು. ಆದರೂ ಈ ದೀರ್ಘ ವ್ಯಾಜ್ಯ ನಿಷ್ಫಲವಾಯಿತೆನ್ನುವಂತಿಲ್ಲ. ನ್ಯಾಯಾಧೀಶನ ವಯಸ್ಸನ್ನು ಸರ್ಕಾರವು ತನ್ನ ಇಷ್ಟದಂತೆ ನಿಶ್ಚಯಿಸಬಹುದಾದರೆ, ತನಗೆ ಒಪ್ಪಿಗೆಯಿಲ್ಲದ ನ್ಯಾಯಾಧೀಶನನ್ನು ಬೇಗನೆ ಮನೆಗೆ ಕಳುಹಿಸುವ ದಾರಿಯೂ ಅದಕ್ಕೆ ತೆರೆದಂತಾಗುತ್ತದೆ. ನ್ಯಾಯಾಂಗದ ಸ್ವಾತಂತ್ರ್ಯವು ಒಂದು ಪರೀಕ್ಷಾ ದಾಖಲೆಯ ಅಂಕಿಗೆ ತೂಗುಹಾಕಿಕೊಂಡಿದ್ದ ಪ್ರಸಂಗವಿದು.

೬

ಸಾಮಾನ್ಯ ನೌಕರರ ವಿಷಯದಲ್ಲಿ ಕಾನೂನು ಬೇರೊಂದು ದಾರಿಯನ್ನು ಹಿಡಿಯಿತು. ಕರ್ನಾಟಕವು ಈ ದಾರಿಯಲ್ಲಿ ಮುಂದಾದ ರಾಜ್ಯಗಳಲ್ಲೊಂದು. ರಾಜ್ಯದ ನೌಕರರ ವಯೋನಿರ್ಣಯವನ್ನು ಕುರಿತ ೧೯೭೪ರ ಅಧಿನಿಯಮವು, ಸೇವಾಪುಸ್ತಕದಲ್ಲಿ ಒಮ್ಮೆ ಅಂಗೀಕೃತವಾಗಿ ದಾಖಲಾದ ವಯಸ್ಸನ್ನು ಅಧಿನಿಯಮದಲ್ಲಿ ಹೇಳಿದ ರೀತಿಯಿಂದಲ್ಲದೆ ಬದಲಾಯಿಸಕೂಡದೆಂದು ವಿಧಿಸಿತು. ನೌಕರನಿಗೆ ಅನುಕೂಲವಾಗುವಂಥ ಬದಲಾವಣೆ ಬೇಕಾದರೆ, ದಿನಾಂಕವು ದಾಖಲಾದಂದಿನಿಂದ ಮೂರು ವರ್ಷದೊಳಗೆ ಇಲ್ಲವೆ ಅಧಿನಿಯಮವು ಜಾರಿಗೆ ಬಂದಂದಿನಿಂದ ಒಂದು ವರ್ಷದೊಳಗೆ, ಇವುಗಳಲ್ಲಿ ಯಾವುದು ತಡವೋ ಅದರೊಳಗೆ, ಅರ್ಜಿ ಸಲ್ಲಿಸಿರಬೇಕು. ಕೇಂದ್ರ ಸರ್ಕಾರವು ೧೯೭೯ರಲ್ಲಿ ತನ್ನ ನೌಕರರಿಗೆ ಐದು ವರ್ಷದ ಗಡುವನ್ನು ಗೊತ್ತುಮಾಡಿತು.

೧೯೯೩ರಲ್ಲಿ ಸರ್ವೋಚ್ಚ ನ್ಯಾಯಾಲಯದ ಮುಂದೆ ಬಂದ ಪ್ರಕರಣವೊಂದರಲ್ಲಿ, ೧೯೫೬ರಲ್ಲಿ ನಾಲ್ಕನೆಯ ದರ್ಜೆಯ ಹುದ್ದೆಗೆ ಸೇರಿದ ಕೇಂದ್ರ ನೌಕರನೊಬ್ಬನು ಸುಮಾರು ಮೂವತ್ತೈದು ವರ್ಷಗಳ ಮೇಲೆ ತನ್ನ ದಿನಾಂಕ ತಪ್ಪೆಂದು ಮನವಿ ಮಾಡಿದ್ದನು. ಇಷ್ಟು ಕಾಲ ಸುಮ್ಮನಿದ್ದವನಿಗೆ ಪರಿಹಾರವಿಲ್ಲವೆಂದು ನ್ಯಾಯಾಲಯವು ತೀರ್ಮಾನಿಸಿತು. ತಮಿಳುನಾಡಿಗೆ ಸಂಬಂಧಿಸಿದ ಅದೇ ಕಾಲದ ಇನ್ನೊಂದು ತೀರ್ಪು ಇದಕ್ಕೆ ಮಹತ್ತ್ವದ ಕಾರಣವೊಂದನ್ನು ನೀಡಿತು: ಒಬ್ಬನ ವಯಸ್ಸು ಕಡಮೆಯಾದರೆ ಅವನ ಕೆಳಗೆ ಬಡತಿಗಾಗಿ ವರ್ಷಗಟ್ಟಲೆ ಕಾದಿರುವವರೆಲ್ಲರಿಗೂ ಸರಪಣಿಯಂತೆ ನಷ್ಟ ತಗಲುತ್ತದೆ, ಆ ಪೈಕಿ ಕೆಲವರು ಬಡತಿಯನ್ನು ಕಾಣದೆಯೇ ನಿವೃತ್ತರಾಗಬಹುದು. ಸೇವೆಯ ಕೊನೆಗಾಲದಲ್ಲಿ ಬರುವ ಇಂಥ ಬೇಡಿಕೆಗಳನ್ನು ಉಚ್ಚ ನ್ಯಾಯಾಲಯಗಳು ಸುಲಭವಾಗಿ ಪುರಸ್ಕರಿಸಬಾರದೆಂದು ೧೯೯೫ರ ತೀರ್ಪೊಂದು ಎಚ್ಚರಿಸಿತು. ಕರ್ನಾಟಕದ ಸರ್ಕಾರಿ ನಿಗಮವೊಂದರ ನೌಕರನ ಪ್ರಕರಣದಲ್ಲಿ ೨೦೨೧ರಲ್ಲಿ ಬಂದ ತೀರ್ಪು ಇನ್ನೂ ಒಂದು ಹೆಜ್ಜೆ ಮುಂದೆ ಹೋಯಿತು. ೧೯೮೪ರಲ್ಲಿ ಸೇವೆಗೆ ಸೇರಿದ ಆತನು ಇಪ್ಪತ್ತನಾಲ್ಕು ವರ್ಷಗಳ ಮೇಲೆ ಬದಲಾವಣೆಯನ್ನು ಕೋರಿದ್ದನು. ಪ್ರಬಲವಾದ ಸಾಕ್ಷ್ಯವಿದ್ದರೂ ಅದನ್ನು ಹಕ್ಕೆಂದು ಕೇಳಲಾಗದು, ವಿಳಂಬದ ಕಾರಣದಿಂದಲೇ ಕೋರಿಕೆಯನ್ನು ನಿರಾಕರಿಸಬಹುದು ಎಂದು ನ್ಯಾಯಾಲಯವು ಸ್ಪಷ್ಟಪಡಿಸಿತು.

೨೦೧೨ರಲ್ಲಿ ಭೂಸೇನೆಯ ಮುಖ್ಯಸ್ಥರಾಗಿದ್ದ ಜನರಲ್ ವಿ. ಕೆ. ಸಿಂಗ್ ಅವರ ಪ್ರಕರಣದಲ್ಲಿಯೂ ಇದೇ ಧೋರಣೆ ಕಂಡುಬರುತ್ತದೆ. ಮೆಟ್ರಿಕ್ಯುಲೇಷನ್ ಪ್ರಮಾಣಪತ್ರದಲ್ಲಿ ೧೯೫೧ನೆಯ ಮೇ ೧೦ ಎಂದಿತ್ತು. ಸೈನ್ಯದ ಅಕಾಡೆಮಿಯ ಪ್ರವೇಶಕ್ಕೆ ಕೊಟ್ಟ ಅರ್ಜಿಯಲ್ಲಿ ೧೯೫೦ನೆಯ ಮೇ ೧೦ ಎಂದಿತ್ತು. ಸೈನ್ಯದ ಎರಡು ಶಾಖೆಗಳು ದಶಕಗಳ ಕಾಲ ಎರಡು ದಿನಾಂಕಗಳನ್ನು ಇರಿಸಿಕೊಂಡಿದ್ದವು. ತನ್ನ ಮುಂದಿರುವ ಪ್ರಶ್ನೆ ನಿಜವಾದ ಜನ್ಮದಿನದ್ದಲ್ಲ, ಸರ್ಕಾರವು ಮಾನ್ಯಮಾಡಿದ ದಿನಾಂಕದ್ದು ಎಂದು ಸರ್ವೋಚ್ಚ ನ್ಯಾಯಾಲಯವು ತಿಳಿಸಿದ ಮೇಲೆ ಫೆಬ್ರವರಿಯಲ್ಲಿ ಅರ್ಜಿಯನ್ನು ಹಿಂದಕ್ಕೆ ಪಡೆಯಲಾಯಿತು. ಅವರು ಆ ವರ್ಷದ ಮೇ ೩೧ರಂದು ನಿವೃತ್ತರಾದರು.

೭

ಕಾನೂನಿನ ಈ ನಿಲುವು ನ್ಯಾಯವೇ? ಎರಡು ಕಡೆಯನ್ನೂ ತೂಗಿನೋಡುವುದು ಚರಿತ್ರಕಾರನ ಕರ್ತವ್ಯ. ಮಿತಿಯಿಲ್ಲದೆ ತಿದ್ದುಪಡಿಗೆ ಅವಕಾಶವಿತ್ತರೆ ಆಡಳಿತವು ನಡೆಯಲಾರದೆಂಬುದು ನಿಜ. ಸೇವೆಗೆ ಸೇರುವಾಗ ಕನಿಷ್ಠ ವಯಸ್ಸನ್ನು ಮುಟ್ಟಲು ಒಂದು ವರ್ಷವನ್ನು ಕೂಡಿಸಿಕೊಂಡವನು, ಬಿಡುವಾಗ ಅದನ್ನು ಕಳೆದುಕೊಡಿರೆಂದು ಕೇಳಿದರೆ, ಆ ಒಂದು ವರ್ಷದಿಂದ ಎರಡು ಬಾರಿ ಲಾಭಪಡೆದಂತಾಗುತ್ತದೆ. ಬಡತಿಗಾಗಿ ಕಾದವನ ಹಕ್ಕನ್ನೂ ಮರೆಯುವಂತಿಲ್ಲ.

ಆದರೆ ಗಡುವೆಂಬುದು ಎಲ್ಲರಿಗೂ ಸಮನಾಗಿ ಅನ್ವಯವಾಗುವಂತೆ ಕಂಡರೂ ಎಲ್ಲರನ್ನೂ ಸಮನಾಗಿ ಮುಟ್ಟುವುದಿಲ್ಲ. ಓದಬಲ್ಲ ಗುಮಾಸ್ತೆಯು ತನ್ನ ಸೇವಾಪುಸ್ತಕವನ್ನು ಮೊದಲ ವರ್ಷವೇ ನೋಡಿಕೊಳ್ಳಬಲ್ಲನು. ಹೆಬ್ಬೆಟ್ಟಿನ ಗುರುತನ್ನೊತ್ತಿ ಕೆಲಸಕ್ಕೆ ಸೇರಿದ ಜವಾನನಿಗೂ ಗಣಿಯ ಕೂಲಿಗೂ ತಮ್ಮ ಹೆಸರಿನ ಮುಂದೆ ಏನು ಬರೆದಿದೆಯೆಂಬುದು ಅನೇಕ ವೇಳೆ ತಿಳಿಯುವುದು ನಿವೃತ್ತಿಯ ನೋಟೀಸು ಕೈಗೆ ಬಂದಾಗಲೇ. ಅವರ ವಿಳಂಬವನ್ನು ಮೌನಸಮ್ಮತಿಯೆಂದು ಅರ್ಥಮಾಡುವುದು ಸುಲಭ. ಅದು ಅಜ್ಞಾನವೂ ಆಗಿರಬಹುದೆಂಬುದನ್ನು ಮರೆಯಬಾರದು. ೧೮೬೯ರಲ್ಲಿ ಬ್ಯಾನರ್ಜಿಯವರಿಗೆ ದೊರೆತ ನ್ಯಾಯವು, ದಾಖಲೆಯನ್ನು ಬರೆದ ಸಂದರ್ಭವನ್ನು ಅರಿತು ಓದಿದ್ದರ ಫಲ. ದಾಖಲೆ ದೃಢವಾಗುತ್ತ ಬಂದಂತೆ ಆ ಬಗೆಯ ಓದಿಗೆ ಅವಕಾಶವು ಕಿರಿದಾಗುತ್ತ ಬಂದಿದೆ.

೧೯೬೯ರ ಕಾಯಿದೆಗೆ ೨೦೨೩ರಲ್ಲಿ ಆದ ತಿದ್ದುಪಡಿಯಂತೆ, ಆ ವರ್ಷದ ಅಕ್ಟೋಬರ್ ೧ರಿಂದೀಚೆಗೆ ಹುಟ್ಟಿದವರಿಗೆ ಶಾಲಾಪ್ರವೇಶ, ಸರ್ಕಾರಿ ನೇಮಕ ಮುಂತಾದವುಗಳಲ್ಲಿ ಜನನ ಪ್ರಮಾಣಪತ್ರವೇ ವಯಸ್ಸಿಗೆ ಆಧಾರ. ಆ ಮಕ್ಕಳು ಹದಿನೆಂಟು ತುಂಬಿ ಉದ್ಯೋಗಾರ್ಹರಾಗುವುದು ೨೦೪೧ರಲ್ಲಿ. ಅರವತ್ತು ತುಂಬುವುದು ೨೦೮೩ರಲ್ಲಿ. ಅಲ್ಲಿಯವರೆಗೆ ಹಿಂದಿನ ತಲೆಮಾರುಗಳ ಬಹುಮಂದಿ ನೌಕರರು, ಎಂದೋ ಒಂದು ಜೂನ್ ತಿಂಗಳಲ್ಲಿ ಉಪಾಧ್ಯಾಯನೊಬ್ಬನು ಊಹಿಸಿ ಬರೆದ ದಿನಾಂಕವನ್ನೇ ಹೊತ್ತು ಸೇವೆಯನ್ನು ಮುಗಿಸಬೇಕಾಗಿದೆ.

ನಮ್ಮ ಕಾಲೇಜುಗಳ ವಿದ್ಯಾರ್ಥಿಗಳಿಗೆ ಇದರಿಂದ ಒಂದು ಕಾರ್ಯವೂ ಒದಗುತ್ತದೆ. ತಂತಮ್ಮ ಊರಿನ ಹಳೆಯ ಶಾಲೆಯ ದಾಖಲಾತಿ ಪುಸ್ತಕವನ್ನು ಅನುಮತಿ ಪಡೆದು ತೆರೆದು, ಯಾವ ವರ್ಷಗಳಲ್ಲಿ ಯಾವ ದಿನಾಂಕಗಳು ಗುಂಪುಗೂಡಿವೆಯೆಂಬುದನ್ನು ಎಣಿಸಿದರೆ ಸಾಕು. ಅಲ್ಲಿ ಮಕ್ಕಳ ಜನ್ಮದಿನಗಳು ದೊರೆಯದಿದ್ದರೂ, ಒಂದು ಸಮಾಜವು ತನ್ನ ನೆನಪನ್ನು ಕಚೇರಿಯ ಅಂಕಿಗೆ ಒಪ್ಪಿಸಿಕೊಟ್ಟ ಬಗೆಯು ಸ್ಪಷ್ಟವಾಗಿ ದೊರೆಯುತ್ತದೆ.